ಹಿಮ, ನರೆ, ಬೂಷ್ಟು: ಒಂದು ಹಳೆಯ ವಿಶೇಷಣದ ವಿಚಾರ

ಶಬ್ದಗಳಿಗೂ ಚಾರಿತ್ರ್ಯವುಂಟು. ಒಂದು ಜನಾಂಗವು ಯಾವುದನ್ನು ಗೌರವಿಸಿತು, ಯಾವುದನ್ನು ಕಾಲಕ್ರಮದಲ್ಲಿ ಹಗುರವಾಗಿ ಕಂಡಿತು ಎಂಬುದನ್ನು ಅದರ ಇತಿಹಾಸಗ್ರಂಥಗಳಿಗಿಂತ ಅದರ ವಿಶೇಷಣಗಳು ಹೆಚ್ಚು ಪ್ರಾಮಾಣಿಕವಾಗಿ ಹೇಳುತ್ತವೆ. ಇಂಗ್ಲಿಷಿನ 'ಹೋರ್', ಅದರಿಂದ ಹುಟ್ಟಿದ 'ಹೋರಿ' ಎಂಬ ಎರಡು ರೂಪಗಳು ಇಂತಹ ಸಾಕ್ಷಿಗಳು. ಕನ್ನಡದ ಕಿವಿಗೆ ಎರಡನೆಯ ರೂಪವು ಹೊಲ ಉಳುವ ಹೋರಿಯನ್ನು ನೆನಪಿಸಬಹುದು. ಆದರೆ ಅದಕ್ಕೂ ಇದಕ್ಕೂ ಸಂಬಂಧವಿಲ್ಲ. ಹಿಮದಿಂದ ಬೆಳ್ಳಗಾದದ್ದು ಎಂಬುದು ಈ ಪದಕ್ಕೆ ನಿಘಂಟುಗಳು ಕೊಡುವ ಅರ್ಥಗಳಲ್ಲೊಂದು. ಆ ಅರ್ಥದಲ್ಲಿ ಇದು ಇಂದು ಹಳೆಯ ಕಾವ್ಯದ ಮಾತಾಗಿ ಉಳಿದಿದೆ. ಆದರೆ ಭಾರತೀಯರು ಬರೆಯುವ ಇಂಗ್ಲಿಷಿನಲ್ಲಿ ಇದು ಇನ್ನೂ ಚಲಾವಣೆಯಲ್ಲಿದೆ. ಒಂದು ಧರ್ಮದ ಅಥವಾ ಕ್ಷೇತ್ರದ ಪುರಾತನತೆಯನ್ನು ಹೇಳಬೇಕಾದಾಗಲೆಲ್ಲ 'ಹೋರಿ ಆಂಟಿಕ್ವಿಟಿ', 'ಹೋರಿ ಪಾಸ್ಟ್' ಎಂಬ ಜೋಡಿಪದಗಳು ಲೇಖನಿಯಿಂದ ತಾವಾಗಿಯೇ ಇಳಿಯುತ್ತವೆ. ಈ ಅಭ್ಯಾಸವು ಕೇವಲ ಶೈಲಿಯ ಪ್ರಶ್ನೆಯಲ್ಲ. ಹಳೆಯದಾಗಿರುವುದೇ ಗುಣವೆಂಬ ಭಾವನೆ ಅದರ ಹಿಂದೆ ಅಡಗಿರುವುದರಿಂದ, ಅದು ನೀತಿಯ ಪ್ರಶ್ನೆಯೂ ಆಗಿದೆ.

ಮೊದಲು ಪದದ ವಂಶವನ್ನು ನೋಡಬೇಕು. ಪ್ರಾಚೀನ ಇಂಗ್ಲಿಷಿನ 'ಹಾರ್' ಎಂಬ ಶಬ್ದಕ್ಕೆ ಬೂದುಬಣ್ಣದ, ನರೆತ, ವಯಸ್ಸಾದ ಎಂಬ ಅರ್ಥಗಳಿದ್ದವು. ಬಿಳಿಗೂದಲ ಯೋಧನನ್ನೂ ಬೂದುಮೈಯ ತೋಳವನ್ನೂ ಅದೇ ಪದ ವರ್ಣಿಸುತ್ತಿತ್ತು. 1066ರ ಹೇಸ್ಟಿಂಗ್ಸ್ ಯುದ್ಧದ ಸ್ಥಳವನ್ನು ಆಂಗ್ಲೋ-ಸ್ಯಾಕ್ಸನ್ ಕಾಲಾನುಕ್ರಮಣಿಕೆಯ ಒಂದು ಪಾಠವು ಊರಿನ ಹೆಸರಿನಿಂದ ಗುರುತಿಸದೆ, ಬೂದುಬಣ್ಣದ ಒಂದು ಸೇಬಿನ ಮರದಿಂದ ಗುರುತಿಸುತ್ತದೆ; ಅಲ್ಲಿಯೂ ಇರುವುದು ಈ ಪದವೇ. ಜರ್ಮನ್ ಭಾಷೆಯಲ್ಲಿ ಇದೇ ಮೂಲವು ಇನ್ನೊಂದು ದಾರಿ ಹಿಡಿಯಿತು. ಉದಾತ್ತವೆಂಬ ಅರ್ಥದ 'ಹೇರ್' ಎಂಬ ವಿಶೇಷಣವೂ, ಒಡೆಯನೆಂಬ ಅರ್ಥದಿಂದ ಹೊರಟು ಇಂದು ಪ್ರತಿಯೊಬ್ಬ ಗಂಡಸಿನ ಹೆಸರಿನ ಮುಂದೆ ಸೇರುವ 'ಹೆರ್' ಎಂಬ ಗೌರವವಾಚಕವೂ ಅದರ ಸಂತತಿಯೇ. ಹೀಗೆ ನರೆಗೂದಲು ಒಂದು ಕಡೆ ಬಣ್ಣವಾಗಿ ಉಳಿಯಿತು, ಇನ್ನೊಂದು ಕಡೆ ಪದವಿಯಾಯಿತು.

ಹಿಮದ ಅರ್ಥ ಇದಕ್ಕೆ ಸೇರಿದ್ದು ಹೋಲಿಕೆಯ ಬಲದಿಂದ. 'ಆಂಡ್ರಿಯಾಸ್' ಎಂಬ ಪ್ರಾಚೀನ ಇಂಗ್ಲಿಷ್ ಕಾವ್ಯದಲ್ಲಿ ಚಳಿಗಾಲದ ಹಿಮವನ್ನು ನಾಡಿಗೆ ಮುತ್ತಿಗೆ ಹಾಕಿದ ನರೆತ ಯೋಧರೆಂದು ರೂಪಿಸಲಾಗಿದೆ. ಮುದುಕನ ತಲೆಯ ಬಿಳುಪು ಹುಲ್ಲಿನ ಮೇಲಿನ ಬಿಳುಪಿಗೆ ಹೆಸರು ಕೊಟ್ಟಿತು. ಮಧ್ಯಕಾಲೀನ ಇಂಗ್ಲಿಷಿನ ಹೊತ್ತಿಗೆ 'ಹೋರ್ ಫ್ರಾಸ್ಟ್' ಎಂಬ ಸಮಾಸವು ನೆಲೆಗೊಂಡಿತು. ಲ್ಯಾಟಿನ್ನಿನ 'ಕಾನುಸ್' ಎಂಬ ಪದವೂ ನರೆಗೂದಲಿಗೆ ಮತ್ತು ಹಿಮಕ್ಕೆ ಸಮಾನವಾಗಿ ಸಲ್ಲುತ್ತಿದ್ದುದರಿಂದ, ಈ ಹೋಲಿಕೆ ಚಳಿನಾಡುಗಳ ಕಣ್ಣಿಗೆ ಸಹಜವಾದದ್ದೆಂದು ಹೇಳಬಹುದು. ಹಿಮ ಕವಿದದ್ದಕ್ಕೆ ಇಂಗ್ಲಿಷಿನಲ್ಲಿ 'ರೈಮಿ', 'ಫ್ರೋರ್' ಎಂಬ ಬೇರೆ ಹಳೆಯ ಪದಗಳೂ ಇವೆ. ಆದರೆ ಅವು ಚಳಿಯನ್ನಷ್ಟೇ ಹೇಳುತ್ತವೆ. ಚಳಿಯೊಡನೆ ವಯಸ್ಸನ್ನೂ, ವಯಸ್ಸಿನೊಡನೆ ಪೂಜ್ಯತೆಯನ್ನೂ ಹೊತ್ತು ತಂದದ್ದು 'ಹೋರಿ' ಮಾತ್ರ.

1611ರ ಇಂಗ್ಲಿಷ್ ಬೈಬಲ್ ಅನುವಾದದಲ್ಲಿ ಈ ಎರಡು ಅರ್ಥಗಳೂ ಅಕ್ಕಪಕ್ಕದಲ್ಲಿ ನಿಂತಿವೆ. ವಿಮೋಚನಕಾಂಡದಲ್ಲಿ ಅರಣ್ಯದ ನೆಲದ ಮೇಲೆ ಬಿದ್ದ ಮನ್ನವು ಹೋರ್ ಫ್ರಾಸ್ಟಿನಷ್ಟು ಸಣ್ಣದು. ಕೀರ್ತನೆಗಳಲ್ಲಿ ದೇವರು ಅದನ್ನು ಬೂದಿಯಂತೆ ಚೆಲ್ಲುತ್ತಾನೆ. ಯಾಜಕಕಾಂಡದಲ್ಲಾದರೋ 'ಹೋರಿ' ತಲೆಯ ಮುಂದೆ ಎದ್ದು ನಿಲ್ಲಬೇಕೆಂಬ ವಿಧಿಯಿದೆ. ಮೂಲವಾದ ಹೀಬ್ರೂವಿನಲ್ಲಿ ಇವು ಬೇರೆ ಬೇರೆ ಪದಗಳು: ಹಿಮಕ್ಕೆ 'ಕೆಫೋರ್', ನರೆಗೆ 'ಸೇವಾ'. ಮೂಲದಲ್ಲಿಲ್ಲದ ಬಾಂಧವ್ಯವನ್ನು ಇಂಗ್ಲಿಷ್ ಅನುವಾದವು ಒಂದೇ ಪದದಿಂದ ಕಟ್ಟಿಕೊಟ್ಟಿತು. ಆ ಅನುವಾದದ ಪ್ರಭಾವ ಎಷ್ಟೆಂಬುದು ತಿಳಿದದ್ದೇ. ಅಲ್ಲಿಂದ ಮುಂದೆ ಇಂಗ್ಲಿಷ್ ಓದುಗನಿಗೆ ಈ ಪದವು ಧಾರ್ಮಿಕ ಗಾಂಭೀರ್ಯದ ಧ್ವನಿಯನ್ನು ಪಡೆಯಿತು. ಭಾರತೀಯ ಲೇಖಕರು ತಮ್ಮ ಧರ್ಮಗಳ ಹಿರಿಮೆಯನ್ನು ಹೇಳಲು ಇದನ್ನು ಎತ್ತಿಕೊಂಡದ್ದರಲ್ಲಿ ಆಶ್ಚರ್ಯವಿಲ್ಲ.

ಆದರೆ ಎತ್ತಿಕೊಂಡವರು ಎರಡು ಸಂಗತಿಗಳನ್ನು ಬಿಟ್ಟುಬಿಟ್ಟರು. ಮೊದಲನೆಯದು, ಅದೇ ಗ್ರಂಥದ ಜ್ಞಾನೋಕ್ತಿಗಳ ಭಾಗದಲ್ಲಿರುವ ಒಂದು ಷರತ್ತು. ನರೆತ ತಲೆಯನ್ನು ಅಲ್ಲಿ ಕೀರ್ತಿಯ ಕಿರೀಟವೆಂದು ಕರೆಯಲಾಗಿದೆ, ನಿಜ. ಆದರೆ 1611ರ ಅನುವಾದವು ಅಷ್ಟಕ್ಕೇ ನಿಲ್ಲದೆ, ಆ ತಲೆಯು ಧರ್ಮದ ದಾರಿಯಲ್ಲಿ ಕಂಡುಬಂದರೆ ಮಾತ್ರ ಎಂಬ ನಿಬಂಧನೆಯನ್ನು ಸೇರಿಸುತ್ತದೆ. ಎರಡನೆಯದು, ಪದದ ಮೂರನೆಯ ಅರ್ಥ. ಷೇಕ್ಸ್‌ಪಿಯರನ ಕಾಲದಲ್ಲಿ 'ಹೋರ್' ಎಂದರೆ ಬೂಷ್ಟು ಹಿಡಿದದ್ದು ಎಂಬ ಅರ್ಥವೂ ಇತ್ತು. 'ರೋಮಿಯೋ ಅಂಡ್ ಜೂಲಿಯೆಟ್' ನಾಟಕದಲ್ಲಿ ಮರ್ಕ್ಯುಷಿಯೋ ದಾದಿಯನ್ನು ಗೇಲಿ ಮಾಡುವಾಗ ಹಳಸಿದ ಆಹಾರದ ಬಿಳಿ ಬೂಷ್ಟನ್ನು ಈ ಪದದಿಂದಲೇ ಸೂಚಿಸುತ್ತಾನೆ. ಅದೇ ನಾಟಕಕಾರನ 'ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್' ನಾಟಕದಲ್ಲಿ ಋತುಗಳು ತಮ್ಮ ಕ್ರಮ ತಪ್ಪಿದುದನ್ನು ಟೈಟೇನಿಯಾ ಹೇಳುವಾಗ, ಕೆಂಗುಲಾಬಿಯ ಮಡಿಲಿಗೆ ಬೀಳುವ ಹಿಮವು ನರೆದಲೆಯುಳ್ಳದ್ದಾಗುತ್ತದೆ. ಒಬ್ಬನೇ ಕವಿಯ ಕೈಯಲ್ಲಿ ಒಂದೇ ಪದ ಬೂಷ್ಟೂ ಹೌದು, ಹಿಮವೂ ಹೌದು, ನರೆಯೂ ಹೌದು.

ಬೂಷ್ಟಿನ ನೇರ ಅರ್ಥ ಮುಂದೆ ಬಳಕೆ ತಪ್ಪಿತು; ಆದರೆ ಅದರ ವಾಸನೆ ಹೋಗಲಿಲ್ಲ. ಇಂದಿನ ಇಂಗ್ಲಿಷಿನಲ್ಲಿ 'ಹೋರಿ' ಎಂಬುದು ಬಹುಪಾಲು ಸವೆದ ಹಾಸ್ಯಕ್ಕೆ, ಹೇಳಿ ಹೇಳಿ ಹಳಸಿದ ವಾದಕ್ಕೆ ಅಂಟುವ ವಿಶೇಷಣ. ನಗು ಬರಿಸದ ಹಳೆಯ ನಗೆಹನಿ 'ಹೋರಿ'. ಹೀಗಿರುವಾಗ ತನ್ನ ಧರ್ಮದ ಪರಂಪರೆಯನ್ನು ಇದೇ ಪದದಿಂದ ಕೊಂಡಾಡುವ ಲೇಖಕನು, ಇಂದಿನ ಇಂಗ್ಲಿಷ್ ವಾಚಕನ ಕಿವಿಯಲ್ಲಿ ಏನನ್ನು ಬಿತ್ತುತ್ತಿದ್ದಾನೆಂಬುದನ್ನು ಯೋಚಿಸಬೇಕು. ಅವನ ಮನಸ್ಸಿನಲ್ಲಿರುವುದು ಹಿಮಾಚ್ಛಾದಿತ ಶಿಖರ. ಕೇಳುವವನ ಮನಸ್ಸಿಗೆ ಬರುವುದು ಸವಕಲು ನಾಣ್ಯ.

ಭಾರತೀಯ ಶಬ್ದಕೋಶಗಳು ಈ ವಿಷಯದಲ್ಲಿ ಹೆಚ್ಚು ವಿವೇಕದಿಂದ ನಡೆದುಕೊಂಡಿವೆ. ಅಮರಕೋಶವು ಅವಶ್ಯಾಯ, ನೀಹಾರ, ತುಷಾರ, ತುಹಿನ, ಹಿಮ, ಪ್ರಾಲೇಯ, ಮಿಹಿಕಾ ಎಂಬ 7 ಪದಗಳನ್ನು ಒಂದೆಡೆ ಸೇರಿಸುತ್ತದೆ. ಮುಪ್ಪಿನಿಂದ ಕೂದಲಿಗೆ ಬರುವ ಬಿಳುಪಿಗೆ 'ಪಲಿತ' ಎಂಬ ಪದವನ್ನು ಬೇರೆಯೇ ವರ್ಗದಲ್ಲಿ, ಮನುಷ್ಯನ ದೇಹವನ್ನು ಹೇಳುವಲ್ಲಿ ಇಡುತ್ತದೆ. ಕನ್ನಡದಲ್ಲಿಯೂ ನರೆ ಬೇರೆ, ಮಂಜು ಬೇರೆ. ತಮಿಳಿನ 'ನರೈ' ಎಂಬ ಸೋದರಪದವೂ ಕೂದಲಿಗೆ ಸಂಬಂಧಿಸಿದ್ದೇ. 'ತಲೆ ನರೆತವರು' ಎಂಬ ಮಾತು ಅನುಭವಸ್ಥರನ್ನು ಸೂಚಿಸಿದರೆ, 'ತಲೆ ನರೆತರೂ ಬುದ್ಧಿ ಬಂದಿಲ್ಲ' ಎಂಬ ಮಾತು ಅದೇ ನರೆಗೆ ಛೀಮಾರಿ ಹಾಕುತ್ತದೆ. ಕನ್ನಡದ ಜನ ನರೆಯನ್ನು ಗೌರವದ ಅವಕಾಶವೆಂದು ಎಣಿಸಿದರೇ ಹೊರತು ಗೌರವದ ಹಕ್ಕೆಂದು ಎಣಿಸಲಿಲ್ಲ. ತಲೆ ಬೆಳ್ಳಗಾದ ಮಾತ್ರಕ್ಕೆ ಒಬ್ಬನು ಹಿರಿಯನಾಗುವುದಿಲ್ಲವೆಂದು ಬೌದ್ಧರ ಧಮ್ಮಪದವೂ ಹೇಳುತ್ತದೆ, ಮನುಸ್ಮೃತಿಯೂ ಹೇಳುತ್ತದೆ. ಬೇರೆ ವಿಷಯಗಳಲ್ಲಿ ಒಪ್ಪದ ಎರಡು ಪರಂಪರೆಗಳು ಇಲ್ಲಿ ಒಂದೇ ಮಾತನ್ನಾಡುವುದು ಗಮನಾರ್ಹ.

ಜೈನ ಪರಂಪರೆಯ ವಿಚಾರ ಇನ್ನೂ ಸೂಕ್ಷ್ಮವಾದದ್ದು. ಶ್ವೇತಾಂಬರ ಆಗಮವಾದ ಸ್ಥಾನಾಂಗ ಸೂತ್ರವು ಸ್ಥವಿರರನ್ನು 3 ಬಗೆಯಾಗಿ ವಿಂಗಡಿಸುತ್ತದೆ. 60 ವರ್ಷ ವಯಸ್ಸಾದವರು ಜಾತಿಸ್ಥವಿರರು, ಆಗಮಜ್ಞಾನವುಳ್ಳವರು ಶ್ರುತಸ್ಥವಿರರು, ದೀಕ್ಷೆ ಪಡೆದು 20 ವರ್ಷ ಕಳೆದವರು ಪರ್ಯಾಯಸ್ಥವಿರರು. ವಯಸ್ಸಿನ ಹಿರಿತನವನ್ನು ಇದು ತಳ್ಳಿಹಾಕುವುದಿಲ್ಲ. ಹಿರಿತನದ ಮೂರರಲ್ಲಿ ಒಂದು ಪಾಲನ್ನು ಮಾತ್ರ ಅದಕ್ಕೆ ಕೊಡುತ್ತದೆ. ಮುನಿಸಂಘದಲ್ಲಿ ವಂದನೆಯ ಕ್ರಮವನ್ನು ನಿರ್ಧರಿಸುವುದು ಹುಟ್ಟಿದ ವರ್ಷವಲ್ಲ, ದೀಕ್ಷೆಯ ವರ್ಷ. ನರೆಯ ನಿಜವಾದ ಉಪಯೋಗವನ್ನು ಜೈನ ಕಥೆಗಳು ಬೇರೆ ರೀತಿಯಲ್ಲಿ ತೋರಿಸುತ್ತವೆ. 959ರಲ್ಲಿ ರಚಿತವಾದ ಸೋಮದೇವಸೂರಿಯ ಯಶಸ್ತಿಲಕದಲ್ಲಿ ರಾಜ ಯಶೋರ್ಘನು ತನ್ನ ತಲೆಯಲ್ಲಿ ಒಂದು ನರೆಗೂದಲನ್ನು ಕಂಡು ರಾಜ್ಯವನ್ನು ಮಗನಿಗೊಪ್ಪಿಸುತ್ತಾನೆ. ಆ ಬಿಳಿಗೂದಲು ಅವನಿಗೆ ಕಿರೀಟವಾಗಲಿಲ್ಲ. ಕಿರೀಟವನ್ನು ಇಳಿಸಬೇಕೆಂಬ ಸೂಚನೆಯಾಯಿತು.

ಹಿಮದ ವಿಷಯದಲ್ಲಂತೂ ಜೈನ ಪುರಾಣವು ಇಂಗ್ಲಿಷ್ ರೂಪಕಕ್ಕೆ ನೇರ ಎದುರಾಗಿ ನಿಲ್ಲುತ್ತದೆ. ಪಂಪನ ಆದಿಪುರಾಣದಿಂದಾಗಿ ವೃಷಭನಾಥನ ವೈರಾಗ್ಯಕ್ಕೆ ಕಾರಣವಾದ ನೀಲಾಂಜನೆಯ ಪ್ರಸಂಗ ಕನ್ನಡ ವಾಚಕರಿಗೆ ಸುಪರಿಚಿತ. ಹತ್ತನೆಯ ತೀರ್ಥಂಕರ ಶೀತಲನಾಥನ ಪ್ರಸಂಗ ಅಷ್ಟು ಪ್ರಚಾರ ಪಡೆದಿಲ್ಲ. ಗುಣಭದ್ರಾಚಾರ್ಯರು ಉತ್ತರಪುರಾಣದಲ್ಲಿ ಹೇಳುವಂತೆ, ವನವಿಹಾರಕ್ಕೆ ಹೋದ ಶೀತಲನಾಥನು ಸಕಲ ವಸ್ತುಗಳನ್ನೂ ಆವರಿಸಿದ್ದ ಹಿಮವು ಅಲ್ಪಕಾಲದಲ್ಲಿಯೇ ನಾಶವಾದುದನ್ನು ಕಂಡನು. ಅದೇ ಅವನ ವೈರಾಗ್ಯಕ್ಕೆ ನಿಮಿತ್ತವಾಯಿತು. ತಿಲೋಯಪಣ್ಣತ್ತಿಯೂ ಅವನ ವೈರಾಗ್ಯಕಾರಣವನ್ನು ಹಿಮನಾಶವೆಂದೇ ಎಣಿಸುತ್ತದೆ. ಇಂಗ್ಲಿಷ್ ಕವಿಯು ಹಿಮದಲ್ಲಿ ವೃದ್ಧಾಪ್ಯವನ್ನು ಕಂಡನು. ಜೈನ ಪುರಾಣಕಾರನು ಅದರಲ್ಲಿ ಅನಿತ್ಯವನ್ನು ಕಂಡನು. ಒಬ್ಬನಿಗೆ ಅದು ದೀರ್ಘಕಾಲದ ಗುರುತು, ಇನ್ನೊಬ್ಬನಿಗೆ ಕ್ಷಣದ ಗುರುತು.

ಪ್ರಕೃತಿಯ ಸಾಕ್ಷ್ಯ ಜೈನ ಪುರಾಣದ ಕಡೆಗಿದೆ. ಮೋಡವಿಲ್ಲದ, ಗಾಳಿಯಿಲ್ಲದ ರಾತ್ರಿಯಲ್ಲಿ ನೆಲವು ತನ್ನ ಶಾಖವನ್ನು ಆಕಾಶಕ್ಕೆ ಬಿಟ್ಟುಕೊಡುತ್ತದೆ. ಹುಲ್ಲು, ಎಲೆಗಳ ಮೇಲ್ಮೈ ಸೊನ್ನೆ ಡಿಗ್ರಿ ಸೆಲ್ಸಿಯಸ್‌ಗಿಂತ ಕೆಳಗಿಳಿದಾಗ ಗಾಳಿಯಲ್ಲಿರುವ ನೀರಾವಿಯು ದ್ರವವಾಗದೆಯೇ ಹರಳುಗಟ್ಟಿ ಅವುಗಳ ಮೇಲೆ ಕೂರುತ್ತದೆ. ಈ ಹಿಮದ ವಯಸ್ಸು ಒಂದು ರಾತ್ರಿ ಮಾತ್ರ. ಬಿಸಿಲೇರಿದ ಮೇಲೆ ಅದಿಲ್ಲ. ಕನ್ನಡನಾಡಿನ ಬಯಲುಸೀಮೆಯವರಿಗೆ ಇಬ್ಬನಿ ಗೊತ್ತು, ಇದು ಅಷ್ಟಾಗಿ ಗೊತ್ತಿಲ್ಲ. ನೆರೆಯ ನೀಲಗಿರಿಯ ಉದಕಮಂಡಲದಲ್ಲಿ ಡಿಸೆಂಬರ್, ಜನವರಿಯ ಮುಂಜಾವುಗಳಲ್ಲಿ ಹುಲ್ಲುಗಾವಲು ಬೆಳ್ಳಗಾಗುವುದನ್ನು ಕಂಡವರಿಗೆ ಅದರ ಅಲ್ಪಾಯುಷ್ಯವೂ ಗೊತ್ತು, ಅಷ್ಟರಲ್ಲೇ ಚಹಾದ ಎಳೆಯ ಚಿಗುರನ್ನು ಕರಕಲು ಮಾಡುವ ಅದರ ಶಕ್ತಿಯೂ ಗೊತ್ತು. ಅತ್ಯಂತ ಹಳೆಯದನ್ನು ಹೇಳಲು ಅತ್ಯಂತ ಹೊಸದನ್ನು ಸಂಕೇತವಾಗಿ ಆರಿಸಿಕೊಂಡದ್ದು ಈ ಪದದ ವಿರೋಧಾಭಾಸ.

ಅನುವಾದಕರಿಗೆ ಇದರಿಂದ ಕೆಲವು ಎಚ್ಚರಿಕೆಗಳು ದೊರೆಯುತ್ತವೆ. ಶೀತಲನಾಥ ಪ್ರಸಂಗದ ಹಿಮವನ್ನು ಇಂಗ್ಲಿಷಿಗೆ ತರುವವರು 'ಸ್ನೋ' ಎಂದರೆ ಪರ್ವತದ ಹಿಮರಾಶಿಯ ಭ್ರಮೆಯುಂಟಾಗುತ್ತದೆ. 'ಹೋರ್ ಫ್ರಾಸ್ಟ್' ಎಂಬುದೇ ಅಲ್ಲಿ ಸರಿಯಾದ ಪದ. ಒಂದು ಹಳೆಯ ಮಾತಿಗೆ ಅದರ ನಿಜವಾದ ಸ್ಥಾನ ದೊರೆಯುವುದು ಇಂತಹ ಕಡೆಯಲ್ಲಿ. ಕನ್ನಡದಲ್ಲಿ ಅದನ್ನು ಬರಿಯ 'ಮಂಜು' ಎಂದರೆ, ಕಾವಳವೂ ಇಬ್ಬನಿಯೂ ಆ ಪದದೊಳಗೆ ಸೇರಿಕೊಳ್ಳುವುದರಿಂದ ಚಿತ್ರ ಮಸುಕಾಗುತ್ತದೆ. 'ಎಲೆಗಳ ಮೇಲೆ ಹರಳುಗಟ್ಟಿದ ಹಿಮ' ಎಂದು ಬಿಡಿಸಿ ಹೇಳುವುದೇ ಲೇಸು. 'ಪಲಿತ'ಕ್ಕೆ ಇಂಗ್ಲಿಷಿನ ಸರಳವಾದ 'ಗ್ರೇ' ಸಾಕು. ಧರ್ಮದ ಪುರಾತನತೆಯನ್ನು ಹೇಳಬೇಕಾದಲ್ಲಿ 'ಹೋರಿ' ಎಂಬ ಅಲಂಕಾರವನ್ನು ಬಿಟ್ಟು, ತಿಳಿದಿರುವ ಶಾಸನದ, ಗ್ರಂಥದ ಕಾಲವನ್ನು ಅಂಕೆಯಲ್ಲಿ ಕೊಡುವುದು ಸತ್ಯವ್ರತಕ್ಕೆ ಹತ್ತಿರವಾದ ಕ್ರಮ. ಅಳೆಯಲಾಗದ ಹಳಮೆಯನ್ನು ವಿಶೇಷಣದಿಂದ ಸಾಧಿಸುವುದು ಪ್ರಮಾಣವಲ್ಲ, ಪ್ರಶಂಸೆ.

ಇದರರ್ಥ ಪ್ರಾಚೀನತೆಗೆ ಬೆಲೆಯಿಲ್ಲವೆಂದಲ್ಲ, ವೃದ್ಧರಿಗೆ ಗೌರವ ಸಲ್ಲದೆಂದೂ ಅಲ್ಲ. ವಿನಯವು ಜೈನರ ಅಂತರಂಗ ತಪಸ್ಸುಗಳಲ್ಲೊಂದು. ಮುಪ್ಪಿನವರ ಸೇವೆ ವೈಯಾವೃತ್ಯದ ಭಾಗ. ಆ ಸೇವೆಗೆ ಪ್ರೇರಣೆ ಮುಪ್ಪಿನವರ ಅಗತ್ಯವಾಗಬೇಕೇ ಹೊರತು ಅವರ ತಲೆಗೆ ಕೊಟ್ಟ ಬಿರುದಲ್ಲ. ಮನೆಯ ಹಿರಿಯರನ್ನು ಸಭೆಯ ವೇದಿಕೆಯಲ್ಲಿ ಶಾಲು ಹೊದಿಸಿ ಸನ್ಮಾನಿಸಿ, ಮನೆಯಲ್ಲಿ ಮಾತನಾಡಿಸದೆ ಬಿಡುವ ಕಾಲದಲ್ಲಿ ಈ ಭೇದವನ್ನು ನೆನಪಿಡುವುದು ಅಗತ್ಯ. ಪೂಜ್ಯತೆಯಿಂದ ಹೊರಟ ಒಂದು ವಿಶೇಷಣವು ಅಪಹಾಸ್ಯದಲ್ಲಿ ಕೊನೆಗೊಂಡದ್ದು ಅಂತಹ ಗೌರವದ ಗತಿಯನ್ನೇ ತೋರಿಸುತ್ತದೆ: ನಡತೆಯ ಆಧಾರವಿಲ್ಲದ ಹೊಗಳಿಕೆ ಬಹುಕಾಲ ಬಾಳದು.

ಹಿಮದ ಬಿಳುಪು ತಾನಾಗಿಯೇ ಕರಗುತ್ತದೆ. ನರೆಯ ಬಿಳುಪು ತಾನಾಗಿಯೇ ಬರುತ್ತದೆ. ಇವೆರಡರಲ್ಲಿ ಮನುಷ್ಯನ ಪುರುಷಾರ್ಥವೇನೂ ಇಲ್ಲ. ಬೂಷ್ಟಿನ ಬಿಳುಪು ಮಾತ್ರ ಅಲಕ್ಷ್ಯದಿಂದ ಹುಟ್ಟುತ್ತದೆ. ರಸ ಕೆಟ್ಟು ಬೂಷ್ಟು ಹಿಡಿದ ಆಹಾರವನ್ನು ಜೀವಹಿಂಸೆಯ ಭಯದಿಂದ ಅಭಕ್ಷ್ಯವೆಂದು ತ್ಯಜಿಸುವ ಶ್ರಾವಕನಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ದಿನದಿನವೂ ಆಚರಣೆಗೆ ಬಾರದೆ ಮುಚ್ಚಿಟ್ಟ ವ್ರತಕ್ಕೂ ಅದೇ ಬಿಳುಪು ಬರುತ್ತದೆ. ದೂರದಿಂದ ನೋಡುವವರಿಗೆ ಅದು ಹಿಮದಂತೆಯೂ ನರೆಯಂತೆಯೂ ತೋರಬಹುದು.