ಅಂಗಡಿಯಿಂದ ಬೀಜದವರೆಗೆ: ಮೀಕಾ ಪೆಲೆಡ್ ಚಿತ್ರಗಳಲ್ಲಿ ಮಸುಕಾದ ಒಂದು ಕೊಂಡಿ

ನಾನು ಆದೋನಿಯವನು. ಹತ್ತಿ ವ್ಯಾಪಾರದ ಊರು. 1953ರವರೆಗೆ ಬಳ್ಳಾರಿ ಜಿಲ್ಲೆಯಲ್ಲಿದ್ದ ತಾಲ್ಲೂಕು ಈಗ ಆಂಧ್ರದಲ್ಲಿದೆ. ಹೀಗಾಗಿ ಮೀಕಾ ಪೆಲೆಡ್ ಅವರ ಸಾಕ್ಷ್ಯಚಿತ್ರಗಳನ್ನು ನಾನು ಹತ್ತಿಯ ಕಡೆಯಿಂದಲೇ ನೋಡಿದೆ.

ಜಾಗತೀಕರಣದ ಬಗ್ಗೆ ಅವರು ಮಾಡಿದ ಚಿತ್ರಗಳು ಮೂರು. ‘ಸ್ಟೋರ್ ವಾರ್ಸ್’ (2001) ಅಮೆರಿಕದ ವರ್ಜೀನಿಯಾದ ಆಶ್ಲೆಂಡ್ ಎಂಬ ಸಣ್ಣ ಊರಿಗೆ ವಾಲ್‌ಮಾರ್ಟ್ ಬರಬೇಕೋ ಬೇಡವೋ ಎಂಬ ಜಗಳದ ಕಥೆ. ‘ಚೈನಾ ಬ್ಲೂ’ (2005) ಚೀನಾದ ಜೀನ್ಸ್ ಕಾರ್ಖಾನೆಯೊಳಗೆ ಹೋಗುತ್ತದೆ. ‘ಬಿಟರ್ ಸೀಡ್ಸ್’ (2011) ವಿದರ್ಭದ ಹತ್ತಿ ಹೊಲಕ್ಕೆ ಬರುತ್ತದೆ. ಅಂದ್ರೆ ಸರಕು ಹೋಗುವ ದಾರಿಯಲ್ಲಿ ಅವರು ಹಿಂದಕ್ಕೆ ನಡೆದಿದ್ದಾರೆ: ಮೊದಲು ಅಂಗಡಿ, ಆಮೇಲೆ ಕಾರ್ಖಾನೆ, ಕೊನೆಗೆ ಬೀಜ. ಮೂರನ್ನೂ ಒಟ್ಟಿಗೆ ನೋಡಿದಾಗಲೇ ಈ ವಾದ ತಿಳಿಯುತ್ತದೆ.

ಮೂರರಲ್ಲಿ ‘ಚೈನಾ ಬ್ಲೂ’ ನನಗೆ ಹೆಚ್ಚು ಗಟ್ಟಿ ಅನಿಸಿತು. ದಾರ ಕತ್ತರಿಸುವ ಹುಡುಗಿ ಜಾಸ್ಮಿನ್‌ಗೆ ಎಷ್ಟು ಜಾಗವಿದೆಯೋ, ಕಾರ್ಖಾನೆಯ ಮಾಲೀಕನ ಮಾತಿಗೂ ಅಲ್ಲಿ ಜಾಗವಿದೆ. ವಿದೇಶಿ ಖರೀದಿದಾರರು ದರ ಇಳಿಸ್ತಾರೆ, ಗಡುವು ಬಿಗಿ ಮಾಡ್ತಾರೆ. ಆ ಒತ್ತಡವನ್ನು ಆತ ಹುಡುಗಿಯರ ನಿದ್ದೆಯ ಮೇಲೆ ಇಳಿಸ್ತಾನೆ. ಅವನನ್ನು ಬರೀ ಖಳನನ್ನಾಗಿ ಮಾಡದೆ, ಅವನ ತಪ್ಪನ್ನೂ ಬಿಟ್ಟುಕೊಡದೆ ಚಿತ್ರ ತೋರಿಸುತ್ತದೆ.

‘ಬಿಟರ್ ಸೀಡ್ಸ್’ನಲ್ಲಿ ಈ ತಾಳ್ಮೆ ಕಡಿಮೆಯಾಗಿದೆ ಅಂತ ನನ್ನ ತಕರಾರು. ರೈತನ ಮಗಳೊಬ್ಬಳು, ತಂದೆಯ ಆತ್ಮಹತ್ಯೆ ಕಂಡವಳು, ಪತ್ರಕರ್ತೆಯಾಗಲು ಹೊರಡುವ ಭಾಗ ಮನಸ್ಸಿಗೆ ತಟ್ಟುತ್ತದೆ. ಆದರೆ ಚಿತ್ರದ ಭಾರವೆಲ್ಲ ಬಿಟಿ ಬೀಜದ ಕಂಪನಿಯ ಮೇಲೆ ಬೀಳುತ್ತದೆ. ಬೀಜ ದುಬಾರಿ, ನಿಜ. ಮಳೆ ನಂಬಿದ ಹೊಲಕ್ಕೆ ಅದು ಜೂಜು, ಅದೂ ನಿಜ. ಸಾಲ ಕೊಡುವವರೂ ಬರುತ್ತಾರೆ. ಆದರೆ ಚೀನಾದ ಮಾಲೀಕನ ಜೊತೆ ಕೂತಷ್ಟು ಹೊತ್ತು ಕ್ಯಾಮೆರಾ ಅವರ ಜೊತೆ ಕೂರುವುದಿಲ್ಲ.

ಇದನ್ನು ಹೇಳೋದು ನನಗೆ ಸುಲಭವಲ್ಲ. ನಮ್ಮಪ್ಪ ಆದೋನಿ ಯಾರ್ಡಿನ ಒಂದು ದಲ್ಲಾಳಿ ಅಂಗಡಿಯಲ್ಲಿ ಲೆಕ್ಕ ಬರೀತಿದ್ರು. ಹತ್ತಿ ತೂಕವಾದ ಮೇಲೆ ಕಮಿಷನ್, ಹಮಾಲಿ, ಬಿತ್ತನೆಗೆ ಕೊಟ್ಟ ಸಾಲ, ಅದರ ಬಡ್ಡಿ, ಎಲ್ಲ ಮುರಿದುಕೊಂಡು ಉಳಿದದ್ದು ರೈತನ ಕೈಗೆ. ಅದೇ ಸಾಹುಕಾರರು ರೈತನ ಮಗಳ ಮದುವೆಗೂ ಹೋಗ್ತಿದ್ರು, ಹಬ್ಬಕ್ಕೆ ಕರೀತಿದ್ರು. ವ್ಯಾಪಾರವೂ ಸಂಸ್ಕೃತಿಯೂ ಬೇರೆಯಾಗದೆ ಹೆಣೆದುಕೊಂಡಿರೋದು ಅಲ್ಲೇ. ರೈತ ಆ ಅಂಗಡಿ ಬಿಟ್ಟು ಇನ್ನೊಂದಕ್ಕೆ ಹೋಗದಂತೆ ಹಿಡಿದಿಟ್ಟದ್ದು ಸಾಲ ಮಾತ್ರವಲ್ಲ, ಮುಲಾಜು ಕೂಡ.

‘ಚೈನಾ ಬ್ಲೂ’ನಲ್ಲಿ ಜಾಸ್ಮಿನ್ ತಾನು ಮಾಡಿದ ಜೀನ್ಸ್ ತೊಡುವವರಿಗೆ ಒಂದು ಪತ್ರ ಬರೆಯುತ್ತಾಳೆ. ಅಂಗಡಿಗೂ ಕಾರ್ಖಾನೆಗೂ ಆ ಪತ್ರ ಸೇತುವೆ. ಹೊಲಕ್ಕೂ ಕಾರ್ಖಾನೆಗೂ ಮಧ್ಯೆ ಅಂಥ ಕಾಗದ ಯಾವುದು ಅಂತ ಕೇಳಿದ್ರೆ ನಾನು ಅಪ್ಪನ ಲೆಕ್ಕದ ಪುಸ್ತಕ ತೋರಿಸ್ತೀನಿ. ದೂರದ ಕಂಪನಿಯನ್ನು ಬೈಯೋದು ನಮಗೆಲ್ಲ ಸುಲಭ. ನಮ್ಮ ಮಾತನ್ನೇ ಆಡುವ, ನಮ್ಮ ಮನೆಗೆ ಅನ್ನ ಹಾಕಿದ ಅಂಗಡಿಯನ್ನು ವಿಮರ್ಶಿಸೋದು ಕಷ್ಟ. ಆದೋನಿಯ ಹತ್ತಿಗೂ ಬಳ್ಳಾರಿಯ ಜೀನ್ಸ್ ಹೊಲಿಗೆಗೂ ನಡುವಿನ ದಾರಿಯನ್ನು ನಮ್ಮಲ್ಲಿ ಯಾರಾದ್ರೂ ಚಿತ್ರಿಸಿದರೆ, ಕ್ಯಾಮೆರಾ ಮೊದಲು ಆ ಕಟ್ಟೆಯ ಮೇಲೆ ಕೂರಲಿ. ಪ್ರಶ್ನೆಗಳಿದ್ದರೆ ಕೇಳಿ.