ಫರಂಗಿ ದೆವ್ವಕ್ಕೆ ತಮಿಳು ನಾಲಗೆ

ನಮ್ಮ ಮನೆಯಲ್ಲಿ ಉರ್ದು, ನೆರೆಮನೆಯಲ್ಲಿ ಬ್ಯಾರಿ, ಅಂಗಡಿಯಲ್ಲಿ ತುಳು, ಶಾಲೆಯಲ್ಲಿ ಕನ್ನಡ. ಫರಂಗಿಪೇಟೆಯ ಹುಡುಗರಿಗೆ ಭಾಷೆಗಳ ಬರ ಇರಲಿಲ್ಲ. ಆದರೆ ಕೇಬಲ್ ಟಿವಿ ಬಂದ ಮೇಲೆ ನಾವು ಕಂಡ ಹಾಲಿವುಡ್ ದೆವ್ವಗಳು ಮಾತ್ರ ತಮಿಳು ಮಾತಾಡಿದವು. ನೆರೆಮನೆಯ ಚಾವಡಿಯಲ್ಲಿ ಚಾಪೆ ಹಾಸಿ ಕುಳಿತು ನೋಡುತ್ತಿದ್ದೆವು. ಅರ್ಧ ಅರ್ಥವಾಗುತ್ತಿತ್ತು, ಹೆದರಿಕೆ ಪೂರ್ತಿ ಆಗುತ್ತಿತ್ತು.

ದೆವ್ವ ಕನ್ನಡ ಕಲಿಯದಿರಲು ಕಾರಣವಿತ್ತು. 1960ರ ದಶಕದಲ್ಲಿ ಅನಕೃ ಮೊದಲಾದವರು ಡಬ್ಬಿಂಗ್ ವಿರುದ್ಧ ಚಳವಳಿ ನಡೆಸಿದರು. ಆಗ ಕನ್ನಡ ಚಿತ್ರರಂಗ ಚಿಕ್ಕದು. ನಟರ, ತಂತ್ರಜ್ಞರ ಅನ್ನದ ಪ್ರಶ್ನೆ ಅದು. ಆ ಆತಂಕ ಸುಳ್ಳಲ್ಲ. ಆದರೆ ಕಾನೂನಿನಲ್ಲಿಲ್ಲದ ಆ ನಿಷೇಧ ಅರ್ಧ ಶತಮಾನ ಉಳಿಯಿತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಅದರ ವಿರುದ್ಧ ತೀರ್ಪು ಕೊಟ್ಟಿತು. 2017ರಲ್ಲಿ ಅಜಿತ್ ನಟಿಸಿದ ತಮಿಳು ಚಿತ್ರವೊಂದು 'ಸತ್ಯದೇವ್ ಐಪಿಎಸ್' ಎಂಬ ಹೆಸರಿನಲ್ಲಿ ಕನ್ನಡಕ್ಕೆ ಬಂತು. ಅಷ್ಟರಲ್ಲಿ ಒಂದೆರಡು ತಲೆಮಾರಿನ ಮಕ್ಕಳು ಪರಭಾಷೆಯಲ್ಲೇ ಹೆದರುವುದನ್ನು ರೂಢಿ ಮಾಡಿಕೊಂಡಿದ್ದರು.

ಈ ಚಿತ್ರಗಳ ಸೆಳೆತಕ್ಕೆ ಬೇರೆ ಕಾರಣಗಳೂ ಇವೆ. ತುಳುನಾಡಿನ ದೈವ ದೆವ್ವವಲ್ಲ. ಅದಕ್ಕೆ ಸ್ಥಾನವಿದೆ, ಕೋಲವಿದೆ, ನ್ಯಾಯ ತೀರ್ಮಾನದ ಹಕ್ಕಿದೆ. ಜಿನ್ನ್‌ಗಳ ಪ್ರಸ್ತಾಪ ಕುರ್‌ಆನಿನಲ್ಲೇ ಇದೆ. ಇವುಗಳೊಂದಿಗೆ ಆಟವಾಡಲು ಇಲ್ಲಿ ಯಾರಿಗೂ ಧೈರ್ಯವಿಲ್ಲ. ಫರಂಗಿ ದೆವ್ವ ಹಾಗಲ್ಲ. ಅದು ನಮ್ಮ ಯಾರ ಮನೆಯದೂ ಅಲ್ಲ. ಹೆದರಿ, ನಕ್ಕು, ಎದ್ದು ಹೋಗಬಹುದು.

ಇನ್ನು ಭಾಷೆ. ಮಲಯಾಳಂಗೆ ಹತ್ತಿರವಾದ ಬ್ಯಾರಿ ಮಾತಾಡುವವರಿಗೆ ತಮಿಳು ತೀರಾ ಅಪರಿಚಿತವಲ್ಲ, ತಮ್ಮದೂ ಅಲ್ಲ. ಈ ಅರೆ ಪರಿಚಯವೇ ಭಯಕ್ಕೆ ಹದವಾದ ನೆಲ. 1993ರ ಮಲಯಾಳಂ ಚಿತ್ರ 'ಮಣಿಚಿತ್ರತ್ತಾಳ್' ನೆನಪಿಸಿಕೊಳ್ಳಿ: ನಾಗವಲ್ಲಿ ಮೈದುಂಬಿದಾಗ ಬಾಯಿಂದ ಬರುವುದು ತಮಿಳು. ಅದೇ ಕಥೆ 2004ರಲ್ಲಿ ಕನ್ನಡದ 'ಆಪ್ತಮಿತ್ರ' ಆದಾಗ ಅವಳು ತೆಲುಗಿನಲ್ಲಿ ಹಾಡಿದಳು. ಪರಿಚಿತ ಮುಖದಿಂದ ಪರಭಾಷೆ ಕೇಳಿದಾಗ ಮೈ ಜುಮ್ಮೆನ್ನುವುದು ಸಹಜ. ಹಾಗೆ ನೋಡಿದರೆ ದೆವ್ವಕ್ಕೆ ತಮಿಳಿನಿಂದ ಲಾಭವೇ ಆಯಿತು.

ನಷ್ಟವಾದದ್ದು ದುಃಖಕ್ಕೆ. 2017ರ 'ಅನಾಬೆಲ್: ಕ್ರಿಯೇಷನ್' ಚಿತ್ರದಲ್ಲಿ ಗೊಂಬೆ ಮಾಡುವವನೊಬ್ಬನ ಪುಟ್ಟ ಮಗಳು ಕಾರಿಗೆ ಸಿಕ್ಕಿ ಸಾಯುತ್ತಾಳೆ. ಮಗಳನ್ನು ಮತ್ತೆ ಕಾಣುವ ಆಸೆಗೆ ತಂದೆ ತಾಯಿ ಯಾವುದೋ ಶಕ್ತಿಗೆ ಗೊಂಬೆಯೊಳಗೆ ಜಾಗ ಕೊಡುತ್ತಾರೆ. ಹನ್ನೆರಡು ವರ್ಷಗಳ ನಂತರ ಅದರ ಬೆಲೆ ತೆರುವವರು ಆ ಮನೆಗೆ ಆಶ್ರಯಕ್ಕೆಂದು ಬಂದ ಅನಾಥ ಹುಡುಗಿಯರು. ಮೊದಲು ಬಲಿಯಾಗುವವಳು ಪೋಲಿಯೋದಿಂದ ಕಾಲು ಸೋತವಳು. ಚಿತ್ರದ ತಿರುಳು ಗೊಂಬೆಯಲ್ಲ, ತಾಯಿಯ ತಪ್ಪೊಪ್ಪಿಗೆ. ಕಿರುಚಾಟಕ್ಕೆ, ಬಾಗಿಲ ಕಿರ್ರೆಂಬ ಸದ್ದಿಗೆ ಅನುವಾದ ಬೇಡ. ತಪ್ಪೊಪ್ಪಿಗೆಗೆ ಬೇಕು.

ಇದನ್ನು ನಾನು ತಮಿಳಿನಲ್ಲಿ ನೋಡಿದ್ದು ಅದೇ ನೆರೆಮನೆಯಲ್ಲಿ, ಗೆಳೆಯನ ಮಕ್ಕಳ ಜೊತೆ. ಹಾಸಿಗೆ ಹಿಡಿದ ಆ ತಾಯಿ ಮಾತಾಡತೊಡಗಿದಾಗ ಗೆಳೆಯನ ಉಮ್ಮ, "ಅವಳು ಏನು ಹೇಳ್ತಿದ್ದಾಳೆ?" ಎಂದು ಕೇಳಿದರು. ಮೊಮ್ಮಗ, "ಅದು ಬಿಡಿ, ಈಗ ದೆವ್ವ ಬರ್ತದೆ" ಎಂದ. ಮಗುವನ್ನು ಕಳೆದುಕೊಂಡ ತಾಯಿಯ ಮಾತು ಇನ್ನೊಬ್ಬ ತಾಯಿಗೆ ತಲುಪದೆ ಹೋಯಿತು.

ಡಬ್ಬಿಂಗ್ ಬೇಕೋ ಬೇಡವೋ ಎಂಬ ಚರ್ಚೆಯಲ್ಲಿ ಮಾರುಕಟ್ಟೆಯ ಮಾತು ಬೇಕಾದಷ್ಟು ಬಂದಿದೆ. ಆ ಉಮ್ಮನ ಪ್ರಶ್ನೆಯೂ ಅದರಲ್ಲಿ ಸೇರಲಿ.