ಇಂದೂರಿನ 555 ಎಸೆತಗಳು

ಜಹೀರಾಬಾದ್ ತಾಲ್ಲೂಕಿನ ಬಹುಭಾಗವೂ ನಾರಾಯಣಖೇಡವೂ ಬೀದರ ಜಿಲ್ಲೆಯಿಂದ, ತಾಂಡೂರು ಕಲಬುರ್ಗಿ ಜಿಲ್ಲೆಯಿಂದ ಬೇರ್ಪಟ್ಟು ಆಂಧ್ರಪ್ರದೇಶಕ್ಕೆ ಸೇರಿದ್ದು 1956ರ ನವೆಂಬರ್ 1ರಂದು. ಅದರ ಮರುದಿನ ಕಲ್ಕತ್ತೆಯ ಈಡನ್ ಗಾರ್ಡನ್ಸಿನಲ್ಲಿ ಆರಂಭವಾದ ಟೆಸ್ಟಿನಲ್ಲಿ, ಆ ಮೂರು ತಾಲ್ಲೂಕುಗಳು ಹಿಂದಿನ ದಿನದವರೆಗೆ ಯಾವ ರಾಜ್ಯದ ಅಂಗಗಳಾಗಿದ್ದವೋ ಆ ಹೈದರಾಬಾದಿನ ಗುಲಾಂ ಅಹಮದರು 49 ರನ್ ಕೊಟ್ಟು ಆಸ್ಟ್ರೇಲಿಯದ 7 ವಿಕೆಟ್ಟುಗಳನ್ನು ಕೆಡವಿದರು; ಎರಡನೆಯ ಸರದಿಯದನ್ನೂ ಕೂಡಿಸಿದರೆ 130ಕ್ಕೆ 10. ಎದುರು ಪಕ್ಷದಲ್ಲಿ ರಿಚಿ ಬೆನೊ 11 ವಿಕೆಟ್ ಪಡೆದುದರಿಂದ ಭಾರತ 94 ರನ್ನುಗಳಿಂದ ಸೋತಿತೆನ್ನುವುದು ಬೇರೆ ಮಾತು. ರಾಜ್ಯವು ನಕಾಶೆಯಿಂದ ಅಳಿದರೂ ರಣಜಿ ಪಂದ್ಯಾವಳಿಯಲ್ಲಿ ಹೈದರಾಬಾದ್ ತಂಡವು ಉಳಿಯಿತು. ಕ್ರಿಕೆಟ್ ಮಂಡಳಿಗಳು ಸರ್ಕಾರಗಳಿಗಿಂತ ನಿಧಾನವಾಗಿ ಮನಸ್ಸು ಬದಲಿಸುತ್ತವೆ.

1922ರ ಜುಲೈ 4ರಂದು ಹೈದರಾಬಾದಿನಲ್ಲಿ ಜನಿಸಿದ ಆಫ್ ಸ್ಪಿನ್ನರ್ ಗುಲಾಂ ಅಹಮದರು ಎತ್ತರದ ಆಳು. ತೋಳನ್ನು ಕಿವಿಯ ಪಕ್ಕಕ್ಕೆ ಎತ್ತಿ ಚೆಂಡನ್ನು ಬಿಡುತ್ತಿದ್ದ ಕಾರಣ, ಮೇಲಿಂದ ಇಳಿದ ಚೆಂಡು ನೆಲ ಮುಟ್ಟಿ ತಿರುಗುವುದರ ಜೊತೆಗೆ ಪುಟಿಯುತ್ತಲೂ ಇತ್ತು. 1952ರಲ್ಲಿ ಲೀಡ್ಸಿನಲ್ಲಿ 63 ಓವರ್ ಎಸೆದು 100 ರನ್ನಿಗೆ 5 ವಿಕೆಟ್ ಗಳಿಸಿದ್ದನ್ನು, ಭಾರತವು ಒಂದೂ ರನ್ ಗಳಿಸದೆ 4 ವಿಕೆಟ್ ಕಳೆದುಕೊಂಡ ಪಂದ್ಯವೆಂಬ ಅಪಖ್ಯಾತಿಯ ಅಡಿಯಲ್ಲಿ ಲೋಕವು ಮರೆತುಬಿಟ್ಟಿದೆ. ಅದೇ ವರ್ಷ ದಿಲ್ಲಿಯಲ್ಲಿ ಪಾಕಿಸ್ತಾನದೆದುರು ಹನ್ನೊಂದನೆಯವರಾಗಿ ಬಂದು 50 ರನ್ ಹೊಡೆದು, ಹೇಮು ಅಧಿಕಾರಿಯವರೊಡನೆ ಕೊನೆಯ ವಿಕೆಟ್ಟಿಗೆ 109 ರನ್ ಕೂಡಿಸಿದರು. ಭಾರತದ ಕೊನೆಯ ವಿಕೆಟ್ಟಿನ ಆ ದಾಖಲೆಯು 2004ರವರೆಗೂ ಬಾಳಿತು.

ಆದರೆ ಅವರ ಸತ್ತ್ವವನ್ನು ಅಳೆಯಬೇಕಾದುದು ಇವುಗಳಿಂದಲ್ಲವೆಂಬುದು ನನ್ನ ದೃಢಾಭಿಪ್ರಾಯ. 1950–51ರ ರಣಜಿ ಪಂದ್ಯದಲ್ಲಿ ಇಂದೂರಿನಲ್ಲಿ ಹೋಳ್ಕರ್ ತಂಡದೆದುರು ಒಂದೇ ಸರದಿಯಲ್ಲಿ ಅವರು 92.3 ಓವರ್, ಅಂದರೆ 555 ಎಸೆತಗಳನ್ನು ಎಸೆದರು. ಪಡೆದುದು 245 ರನ್ನಿಗೆ 4 ವಿಕೆಟ್ ಮಾತ್ರ. 1957ರಲ್ಲಿ ಬರ್ಮಿಂಗ್‌ಹ್ಯಾಮಿನಲ್ಲಿ ವೆಸ್ಟ್ ಇಂಡೀಸಿನ ರಾಮಧೀನ್ 588 ಎಸೆಯುವ ತನಕ ಇಷ್ಟು ಭಾರವನ್ನು ಯಾರೂ ಹೊತ್ತಿರಲಿಲ್ಲ. ಅಂಕಿ ನೋಡಿ ಮೂಗು ಮುರಿಯುವವರು ಒಮ್ಮೆ ಯೋಚಿಸಲಿ: ಆಫ್ ಸ್ಪಿನ್ನಿನ ಕೆಲಸವೆಲ್ಲ ತೋರುಬೆರಳಿನದು, ಹೊಲಿಗೆಯ ಮೇಲೆ ಪ್ರತಿಸಲವೂ ಉಜ್ಜುವ ಆ ಬೆರಳಿನ ಪಕ್ಕದ ಚರ್ಮವು ಸುಲಿದು, ಬ್ಯಾಟುಗಾರನು ಕೊಬ್ಬಿ, ವಿಕೆಟ್ ಬೀಳುವ ಲಕ್ಷಣವೇ ಕಾಣದಿರುವಾಗಲೂ, ಮುಂದಿನ ಚೆಂಡು ಮೊದಲಿನದರಷ್ಟೇ ನಿಷ್ಠೆಯಿಂದ ಅದೇ ಸ್ಥಳದಲ್ಲಿ ಬೀಳಬೇಕಾದರೆ ಎಂತಹ ಚಿತ್ತಸ್ಥೈರ್ಯ ಬೇಕು! ಅಮೆರಿಕದ ಬೇಸ್‌ಬಾಲಿನಲ್ಲಿ ಚೆಂಡೆಸೆಯುವ ಈಗಿನ ಪಿಚರನು ನೂರರ ಆಸುಪಾಸು ಎಸೆದೊಡನೆ ಅವನನ್ನು ಕೂರಿಸಿ ನಾಲ್ಕೈದು ದಿನ ತೋಳಿಗೆ ವಿಶ್ರಾಂತಿ ಕೊಡುವರಂತೆ. ಅವರವರ ಶಾಸ್ತ್ರ ಅವರವರಿಗೆ. ಆದರೂ ಆ ಲೆಕ್ಕದಲ್ಲಿ ಗುಲಾಂ ಅಹಮದರು ಇಂದೂರಿನಲ್ಲಿ ಐವರು ಪಿಚರರ ಪಾಲಿನ ದುಡಿಮೆಯನ್ನು ಒಬ್ಬರೇ ದುಡಿದರು.

ನಾಯಕತ್ವವು ಅವರಿಗೆ ಒಲಿಯಲಿಲ್ಲ. 1955ರ ನವೆಂಬರಿನಲ್ಲಿ ಫತೇ ಮೈದಾನದಲ್ಲಿ, ತಮ್ಮೂರಿನ ಮೊದಲ ಟೆಸ್ಟಿನಲ್ಲೇ, ನ್ಯೂಜಿಲೆಂಡಿನೆದುರು ಭಾರತವನ್ನು ನಡೆಸುವ ಭಾಗ್ಯ ದೊರೆತಿತ್ತು. ಉಮ್ರೀಗರ್ 223 ಹೊಡೆದುದು ಅಲ್ಲಿಯೇ. 1958–59ರಲ್ಲಿ ವೆಸ್ಟ್ ಇಂಡೀಸಿನೆದುರು ಕಾನ್ಪುರದಲ್ಲಿಯೂ ಕಲ್ಕತ್ತೆಯಲ್ಲಿಯೂ ಸೋತ ಬಳಿಕ ನಿವೃತ್ತರಾದರು. ಒಟ್ಟು 22 ಟೆಸ್ಟ್, 68 ವಿಕೆಟ್. ಮುಂದೆ ಭಾರತದ ಕ್ರಿಕೆಟ್ ಮಂಡಳಿಯ ಕಾರ್ಯದರ್ಶಿಗಳಾದರು. 1983ರಲ್ಲಿ ವಿಶ್ವಕಪ್ ಗೆದ್ದ ತಂಡವನ್ನು ಆರಿಸಿದ ಸಮಿತಿಗೆ ಅವರೇ ಅಧ್ಯಕ್ಷರು. 1998ರ ಅಕ್ಟೋಬರಿನಲ್ಲಿ ತೀರಿಕೊಂಡರು.

ಪ್ರಸನ್ನ, ಚಂದ್ರಶೇಖರರನ್ನು ನಮ್ಮವರೆಂದು ಕೊಂಡಾಡುವ ಗಡಿನಾಡಿನ ಕನ್ನಡಿಗನು ಗುಲಾಂ ಅಹಮದರನ್ನು ಪರರವರೆಂದು ಬಿಡುವುದು ಅನ್ಯಾಯ. ತಾಂಡೂರಿನಿಂದ ರೈಲು ಹತ್ತಿಯೋ ಜಹೀರಾಬಾದಿನಿಂದ ಬಸ್ಸು ಹಿಡಿದೋ ಆ 1955ರ ಟೆಸ್ಟಿಗೆ ಹೋಗಿ ಅವರ ಬೌಲಿಂಗನ್ನು ಕಣ್ಣಾರೆ ಕಂಡ ಹಿರಿಯರು ಇನ್ನೂ ನಮ್ಮ ನಡುವೆ ಇದ್ದಲ್ಲಿ, ಮನೆಯ ಮಕ್ಕಳ ಕೈಯಲ್ಲಾದರೂ ಬರೆಯಿಸಿ ಈ ಅಂಕಣಕ್ಕೆ ಒಂದು ಪತ್ರ ಕಳುಹಿಸಬೇಕೆಂದು ಪ್ರಾರ್ಥಿಸುತ್ತೇನೆ.